ಹಳೆಯ ಕಾರಿಗೆ ಬದಲಿ ಚಕ್ರ: ಕಣ್ಣಳತೆ ಸಾಲದು



ಈ ಪುಟಗಳಲ್ಲಿ ಕೊಳೆರೋಗದ ಔಷಧಿ, ಕಾಫಿಯ ಕಾಂಡಕೊರಕ, ಗೊಬ್ಬರದ ಲೆಕ್ಕ ಇಂಥ ವಿಷಯಗಳನ್ನೇ ಓದಿ ಅಭ್ಯಾಸವಾದ ತಮಗೆ ಈ ಸಲ ಕಾರಿನ ಚಕ್ರದ ಮಾತು ಕಂಡು ಆಶ್ಚರ್ಯವಾಗಬಹುದು. ಆದರೆ ಸಂಘದ ಗೋದಾಮಿನಲ್ಲಿ ಅಡಿಕೆ ತೂಕವಾಗುವ ದಿನ ಅಂಗಳದಲ್ಲಿ ನಿಂತ ವಾಹನಗಳನ್ನು ಒಮ್ಮೆ ಎಣಿಸಿ ನೋಡಿ. ಜೀಪು, ಪಿಕಪ್‌ಗಳ ನಡುವೆ ಇಂದಿಗೂ ನಾಲ್ಕೈದು ಮಾರುತಿ 800 ಕಾರುಗಳು ತಪ್ಪದೆ ಕಾಣುತ್ತವೆ. ಅವುಗಳ ಚಕ್ರಗಳನ್ನು ನೋಡಿ. ಒಂದರ ರಿಮ್ಮು ಮೋರಿಗೆ ಬಡಿದು ಸೊಟ್ಟಗಾಗಿದೆ, ಇನ್ನೊಂದರದು ತುಕ್ಕು ತಿಂದು ಪದರು ಪದರಾಗಿದೆ, ಮತ್ತೊಂದಕ್ಕೆ ಯಾವುದೋ ದೊಡ್ಡ ಕಾರಿನ ಹೊಳೆಯುವ ಚಕ್ರ ಬಂದು ಕೂತಿದೆ. ಈ ಋತುವಿನಲ್ಲಿ ಮೂವರು ಸದಸ್ಯರು ನನ್ನನ್ನು ಕೇಳಿದ್ದು ಒಂದೇ ಪ್ರಶ್ನೆ: "ನಮ್ಮ ಹಳೆಯ ಕಾರಿಗೆ ಯಾವ ಚಕ್ರ ಕೂರುತ್ತದೆ?" ಮೂವರಿಗೂ ಬಿಡಿಬಿಡಿಯಾಗಿ ಹೇಳಿದ್ದನ್ನು ಎಲ್ಲರಿಗೂ ಉಪಯೋಗವಾಗಲೆಂದು ಇಲ್ಲಿ ಬರೆಯುತ್ತಿದ್ದೇನೆ. ನಾನು ಮೋಟಾರು ಶಾಸ್ತ್ರ ಓದಿದವನಲ್ಲ. ತಪ್ಪು ಮಾಡಿ ಕಲಿತವನು.

1983ರ ಡಿಸೆಂಬರ್ 14ರಂದು ಅಂದಿನ ಪ್ರಧಾನಿ ಇಂದಿರಾ ಗಾಂಧಿಯವರು ಮೊದಲ ಮಾರುತಿ 800ರ ಕೀಲಿಕೈಯನ್ನು ಅದರ ಒಡೆಯರ ಕೈಗೆ ಕೊಟ್ಟರು. 1986ರಲ್ಲಿ ಈಗ ನಾವೆಲ್ಲ ಗುರುತಿಸುವ ಆಕಾರ ಬಂತು. 2014ರ ಜನವರಿಯಲ್ಲಿ ಈ ಕಾರಿನ ತಯಾರಿಕೆ ನಿಂತಿತು. ಅಂದರೆ ಅತ್ಯಂತ ಎಳೆಯ 800ಕ್ಕೂ ಈಗ ಹತ್ತು ವರ್ಷ ದಾಟಿದೆ; ನಮ್ಮ ಕಡೆ ಓಡುತ್ತಿರುವ ಬಹುಪಾಲು ಕಾರುಗಳಿಗೆ ಇಪ್ಪತ್ತಕ್ಕೂ ಮೇಲೆ. ಎಂಜಿನ್ನು ಚಿಕ್ಕದು, 796 ಸಿ.ಸಿ.; ಕಾರಿನ ತೂಕ ಸುಮಾರು 650 ಕಿಲೋ. ನಾಲ್ಕು ಜನ ಸೇರಿದರೆ ಕೆಸರಿನಿಂದ ಎತ್ತಿ ಇಡಬಹುದು. ತೋಟದ ಮನೆಗೆ ಇದಕ್ಕಿಂತ ಒಗ್ಗುವ ಕಾರು ಬೇರೆ ಬರಲಿಲ್ಲವೆಂದು ನನ್ನ ಅಭಿಪ್ರಾಯ. ಆದ್ದರಿಂದಲೇ ಜನ ಇದನ್ನು ಬಿಡುತ್ತಿಲ್ಲ, ಚಕ್ರದ ಪ್ರಶ್ನೆಯೂ ಬಿಡುತ್ತಿಲ್ಲ.

ನನ್ನ ಅನುಭವ

ನಮ್ಮ ಮನೆಯ 800ನ್ನು ನಮ್ಮ ತಂದೆಯವರು 1998ರಲ್ಲಿ ಕೊಂಡದ್ದು. ಅವರು ತೀರಿಕೊಂಡ ಮೇಲೆ ಅದನ್ನು ಮಾರಲು ಮನಸ್ಸಾಗಲಿಲ್ಲ. ರಿಮ್ಮುಗಳೆಲ್ಲ ತುಕ್ಕು ಹಿಡಿದಿದ್ದವು. ಬೆಂಗಳೂರಿನಲ್ಲಿ ಕೆಲಸದಲ್ಲಿರುವ ಮಗ ಒಮ್ಮೆ ಬಂದಾಗ ಅದನ್ನು ನೋಡಿ, "ಅಪ್ಪ, ಚಕ್ರ ನಾನು ಹಾಕಿಸಿಕೊಡುತ್ತೇನೆ" ಎಂದು ಕಾರನ್ನೇ ತೆಗೆದುಕೊಂಡು ಹೋದ. ನಗರದ ಒಂದು ಅಂಗಡಿಯಲ್ಲಿ 13 ಇಂಚಿನ ಅಲ್ಯೂಮಿನಿಯಂ ಮಿಶ್ರಲೋಹದ ನಾಲ್ಕು ಚಕ್ರ, ಅದಕ್ಕೆ 155/65 ಆರ್ 13 ಅಳತೆಯ ಟಯರು ಹಾಕಿಸಿಕೊಂಡು ಬಂದ. ಕಾರು ಮದುವೆಯ ಗಂಡಿನ ಹಾಗೆ ಕಾಣುತ್ತಿತ್ತು. ನೆಲದಿಂದ ಸ್ವಲ್ಪ ಎತ್ತರವೂ ಆಗಿದ್ದರಿಂದ ನಮ್ಮ ಧರೆಯ ದಾರಿಯಲ್ಲಿ ಅಡಿ ತಾಗುವುದು ಕಡಿಮೆಯಾಯಿತು. ನಾನೂ ಸಂತೋಷಪಟ್ಟೆ.

ಮೂರು ವಾರ ಕಳೆದಿರಬಹುದು. 2018ರ ಆಗಸ್ಟ್ ತಿಂಗಳು. ಆ ವರ್ಷದ ಮಳೆಯನ್ನು ಮಲೆನಾಡಿನವರು ಯಾರೂ ಮರೆತಿರಲಾರರು. ಕರೆಂಟು ಹೋಗಿ ನಾಲ್ಕು ದಿನವಾಗಿತ್ತು, ಫೋನು ಸತ್ತಿತ್ತು. ರಾತ್ರಿ ಹನ್ನೊಂದರ ಸುಮಾರಿಗೆ ಪಕ್ಕದ ತೋಟದವರು ಟಾರ್ಚು ಹಿಡಿದು ಅಂಗಳಕ್ಕೆ ಬಂದರು. "ಅಣ್ಣಾ, ಸೊಸೆಗೆ ನೋವು ಶುರುವಾಗಿದೆ. ಕಾರು ತೆಗೀರಿ" ಎಂದರು. ಅವರ ಸೊಸೆ, ಅತ್ತೆ, ಮಗ ಮೂವರನ್ನೂ ಕೂರಿಸಿಕೊಂಡು ಕೊಪ್ಪದ ಕಡೆ ಹೊರಟೆ.

ಏಳೆಂಟು ಕಿಲೋಮೀಟರು ಹೋಗುವಷ್ಟರಲ್ಲಿ ಹಿಂದಿನಿಂದ ಟಕ್ ಟಕ್ ಎಂದು ಸದ್ದು ಬರತೊಡಗಿತು. ಕಲ್ಲು ಸಿಕ್ಕಿಕೊಂಡಿದೆ ಎಂದುಕೊಂಡೆ. ಸದ್ದು ಜೋರಾಗಿ ಕಾರಿನ ಹಿಂಭಾಗವೇ ತೊನೆಯತೊಡಗಿದಾಗ ನಿಲ್ಲಿಸಿ ಟಾರ್ಚು ಬಿಟ್ಟು ನೋಡಿದೆ. ಎಡಗಡೆಯ ಹಿಂದಿನ ಚಕ್ರದ ನಾಲ್ಕು ನಟ್ಟುಗಳಲ್ಲಿ ಒಂದು ಇರಲೇ ಇಲ್ಲ. ಎರಡು ಬೆರಳಿನಲ್ಲೇ ತಿರುಗುತ್ತಿದ್ದವು. ಸ್ಟೆಪ್ನಿ ಹಾಕೋಣವೆಂದರೆ, ಅಡಿಕೆ ಚೀಲಕ್ಕೆ ಜಾಗ ಬೇಕೆಂದು ಹಿಂದಿನ ವಾರ ನಾನೇ ಅದನ್ನು ಮನೆಯಲ್ಲಿ ಇಳಿಸಿದ್ದೆ. ಬಲಗಡೆಯ ಚಕ್ರದಿಂದ ಒಂದು ನಟ್ಟು ಬಿಚ್ಚಿ ಇದಕ್ಕೆ ಹಾಕಿ, ಎಲ್ಲವನ್ನೂ ಆದಷ್ಟು ಬಿಗಿ ಮಾಡಿ, ಎರಡು ಮೈಲಿಗೊಮ್ಮೆ ಇಳಿದು ಮತ್ತೆ ಬಿಗಿ ಮಾಡುತ್ತ, ಎತ್ತಿನ ಗಾಡಿಯ ವೇಗದಲ್ಲಿ ಆಸ್ಪತ್ರೆ ಸೇರಿದಾಗ ರಾತ್ರಿ ಎರಡೂವರೆ. ಆ ಮೂರೂವರೆ ಗಂಟೆ ಹಿಂದಿನ ಸೀಟಿನಿಂದ ಬರುತ್ತಿದ್ದ ನರಳಾಟ ನನ್ನ ಕಿವಿಯಲ್ಲಿ ಇನ್ನೂ ಇದೆ. ಬೆಳಗಿನ ಜಾವ ಹೆರಿಗೆ ಸುಸೂತ್ರವಾಗಿ ಆಯಿತು ಎಂಬುದೊಂದೇ ನನ್ನ ಪುಣ್ಯ.

ಮಾರನೆಯ ದಿನ ಗ್ಯಾರೇಜಿನ ಮೇಸ್ತ್ರಿ ಚಕ್ರ ಬಿಚ್ಚಿ, ನಟ್ಟನ್ನು ಅಂಗೈಯಲ್ಲಿಟ್ಟು ತೋರಿಸಿದರು. "ತೂತು ಕೂತಿದೆ ಸೆಕ್ರೆಟ್ರಿಗಳೇ, ನಟ್ಟು ಕೂತಿಲ್ಲ" ಎಂದರು. ಆ ಒಂದು ಮಾತಿನಲ್ಲಿ ಈ ಲೇಖನದ ಅರ್ಧ ಇದೆ. ಹಳೆಯ ಕಬ್ಬಿಣದ ರಿಮ್ಮಿನ ತಗಡು ತೆಳ್ಳಗೆ. ಹೊಸ ಚಕ್ರದ ನಡುಭಾಗ ದಪ್ಪ, ಅದರ ತೂತುಗಳೋ ಕಿರಿದಾದ ಬಾವಿಯ ಹಾಗೆ ಆಳ. ಅಂಗಡಿಯವರು ಹಳೆಯ ನಟ್ಟುಗಳನ್ನೇ ಹಾಕಿದ್ದರು. ನಟ್ಟಿನ ಅಗಲವಾದ ಮೈ ತೂತಿನ ಗೋಡೆಗೆ ತಾಗಿ ಸಿಕ್ಕಿಕೊಂಡು, ಅದರ ಇಳಿಜಾರಾದ ಮೂತಿ ತಳದ ಗುಂಡಿಯಲ್ಲಿ ಕೂತಿರಲಿಲ್ಲ. ಬೋಲ್ಟಿನ ಮೇಲೆ ನಾಲ್ಕೈದು ಸುತ್ತು ಮಾತ್ರ ಹಿಡಿದಿತ್ತು. ಸ್ಪ್ಯಾನರಿಗೆ ಬಿಗಿಯಾಯಿತೆಂದು ಅನ್ನಿಸಿದ್ದು ಬರಿಯ ಭ್ರಮೆ.

ಮೊದಲು ನಾನು ರಸ್ತೆಯನ್ನು ಬೈದೆ. ಕುಣಿಯಲಾರದವಳು ನೆಲ ಡೊಂಕು ಎಂದ ಹಾಗೆ. ಆಮೇಲೆ ಕೂತು ಕಲಿತೆ. ಬದಲಿ ಚಕ್ರ ಆರಿಸುವಾಗ ನೋಡಬೇಕಾದ ಅಳತೆಗಳು ಆರು. ಯಾವುದೂ ಕಷ್ಟದ್ದಲ್ಲ. ಒಂದು ಉಕ್ಕಿನ ಸ್ಕೇಲು, ಒಂದು ನೇರವಾದ ರೀಪು, ಒಂದು ಚೀಟಿ ಸಾಕು. ಎಲ್ಲಕ್ಕೂ ಮಾದರಿ ತಮ್ಮ ಕಾರಿನ ಮೂಲ ರಿಮ್ಮೇ. ಅಂಗಡಿಗೆ ಹೋಗುವಾಗ ಅದನ್ನೇ ಹೊತ್ತುಕೊಂಡು ಹೋಗುವುದು ಉತ್ತಮ.

1. ತೂತುಗಳ ವರ್ತುಲ

ರಿಮ್ಮಿನ ಬೋಲ್ಟಿನ ತೂತುಗಳ ನಡುಬಿಂದುಗಳ ಮೂಲಕ ಒಂದು ವರ್ತುಲ ಎಳೆದರೆ ಅದರ ವ್ಯಾಸಕ್ಕೆ ಗ್ಯಾರೇಜಿನವರು ಪಿ.ಸಿ.ಡಿ. ಎನ್ನುತ್ತಾರೆ. ಮಾರುತಿ 800ಕ್ಕೆ ನಾಲ್ಕು ತೂತು, ವರ್ತುಲ 114.3 ಮಿಲಿಮೀಟರು, ಅಂದರೆ ಸರಿಯಾಗಿ ನಾಲ್ಕೂವರೆ ಇಂಚು. ಇದನ್ನು 4x114.3 ಎಂದು ಬರೆಯುತ್ತಾರೆ.

ನಾಲ್ಕು ತೂತಿನ ರಿಮ್ಮಿನಲ್ಲಿ ಇದನ್ನು ಅಳೆಯುವುದು ಸುಲಭ. ಎದುರುಬದುರಾದ ಎರಡು ತೂತುಗಳನ್ನು ತೆಗೆದುಕೊಂಡು, ಒಂದರ ಹೊರ ಅಂಚಿನಿಂದ ಇನ್ನೊಂದರ ಒಳ ಅಂಚಿನವರೆಗೆ ಅಳೆದರೆ ಸಾಕು. ನಡುವಿನಿಂದ ನಡುವಿಗೆ ಅಳೆದಷ್ಟೇ ಬರುತ್ತದೆ. ನಡುಬಿಂದುವನ್ನು ಕಣ್ಣಂದಾಜಿನಲ್ಲಿ ಹುಡುಕುವ ತೊಂದರೆಯಿಲ್ಲ.

ನಾಲ್ಕು ತೂತಿನ ಎಲ್ಲ ಚಕ್ರವೂ ಒಂದೇ ಎಂದು ತಿಳಿಯಬಾರದು. ಹಳೆಯ ಸ್ಯಾಂಟ್ರೊ, ಇಂಡಿಕಾ ಕಾರುಗಳದು 100 ಮಿ.ಮೀ.; ಫೋರ್ಡ್ ಫಿಗೊ 108; ಫಿಯೆಟ್ ಯೂನೊ, ಪಾಲಿಯೊಗಳದು 98. ಇವುಗಳಲ್ಲಿ 100 ಮತ್ತು 98ರ ನಡುವಿನ ವ್ಯತ್ಯಾಸವೇ ಅಪಾಯಕಾರಿ. 114.3ರ ಹಬ್‌ಗೆ 100ರ ರಿಮ್ಮು ತಂದರೆ ಅದು ಒಳಗೇ ಹೋಗುವುದಿಲ್ಲ, ಹಾಗಾಗಿ ಮೋಸವಿಲ್ಲ. ಫಿಯೆಟ್ ಕಾರಿಗೆ 100ರ ರಿಮ್ಮು ತಂದರೆ ಅದು ಹೋದ ಹಾಗೆ ಕಾಣುತ್ತದೆ, ಬೋಲ್ಟುಗಳೂ ಬಿಗಿಯಾದ ಹಾಗೆ ಅನ್ನಿಸುತ್ತದೆ. ಆದರೆ ಬೋಲ್ಟು ಓರೆಯಾಗಿ ಎಳೆದುಕೊಂಡು, ದಿನ ಕಳೆದಂತೆ ಸಡಿಲವಾಗುತ್ತದೆ ಇಲ್ಲವೆ ಮುರಿಯುತ್ತದೆ. ಸಂಘದ ಸದಸ್ಯರಲ್ಲಿ ಫಿಯೆಟ್ ಇಟ್ಟುಕೊಂಡವರು ಇದನ್ನು ಗಮನಿಸಬೇಕು.

ಕೆಲವು ಅಲಾಯ್ ಚಕ್ರಗಳಲ್ಲಿ ಎಂಟು ತೂತುಗಳಿರುತ್ತವೆ. ನಾಲ್ಕು 100ರ ವರ್ತುಲದಲ್ಲಿ, ನಾಲ್ಕು 114.3ರಲ್ಲಿ. ನನ್ನ ಕಾರಿಗೆ ಬಂದದ್ದು ಇಂಥದೇ. ಕಾರ್ಖಾನೆಯಲ್ಲೇ ಹಾಗೆ ಕೊರೆದದ್ದಾದರೆ ಅಡ್ಡಿಯಿಲ್ಲ. ಆದರೆ ಅಂಗಡಿಯಲ್ಲಿ ಡ್ರಿಲ್ಲು ಹಿಡಿದು ಹೊಸ ತೂತು ಕೊರೆದ ಅಥವಾ ಹಳೆಯ ತೂತನ್ನು ಅರದಿಂದ ಉಜ್ಜಿ ಉದ್ದ ಮಾಡಿದ ರಿಮ್ಮನ್ನು ಬಿಟ್ಟಿ ಕೊಟ್ಟರೂ ತರಬೇಡಿ.

2. ನಡುವಿನ ದೊಡ್ಡ ತೂತು

ಹಬ್‌ನ ಮೂತಿ ಹೊರಬರುವ ನಡುವಿನ ತೂತು ಮೂಲ ರಿಮ್ಮಿನದಕ್ಕಿಂತ ಚಿಕ್ಕದಾಗಿದ್ದರೆ ಚಕ್ರ ಹಬ್‌ನ ಮುಖಕ್ಕೆ ಅಂಟಿ ಕೂರುವುದಿಲ್ಲ. ದೊಡ್ಡದಾಗಿದ್ದರೆ ಚಕ್ರವನ್ನು ನಡುವಿಗೆ ತರುವ ಕೆಲಸವೆಲ್ಲ ನಟ್ಟುಗಳ ಮೇಲೆ ಬೀಳುತ್ತದೆ. ಒಂದು ಕೂದಲೆಳೆ ಆಚೀಚೆಯಾದರೂ ವೇಗದಲ್ಲಿ ಸ್ಟಿಯರಿಂಗು ನಡುಗುತ್ತದೆ. ದೊಡ್ಡ ತೂತಿಗೆ ತುಂಬಿಸುವ ಬಳೆಗಳು ಸಿಗುತ್ತವೆ, ಅಳತೆ ಕೊಟ್ಟು ಹಾಕಿಸಿಕೊಳ್ಳಬಹುದು. ಚಿಕ್ಕ ತೂತನ್ನು ಉಜ್ಜಿ ದೊಡ್ಡದು ಮಾಡಲು ಹೋಗಬೇಡಿ.

3. ಚಕ್ರ ಒಳಗೋ ಹೊರಗೋ

ರಿಮ್ಮಿನ ಅಗಲದ ಸರಿಮಧ್ಯಕ್ಕೂ ಅದು ಹಬ್‌ಗೆ ಅಂಟುವ ಮುಖಕ್ಕೂ ಇರುವ ಅಂತರವೇ ಆಫ್‌ಸೆಟ್. ರಿಮ್ಮಿನ ಮೇಲೆ ಇ.ಟಿ. ಎಂಬ ಅಕ್ಷರಗಳ ಮುಂದೆ ಮಿಲಿಮೀಟರಿನಲ್ಲಿ ಬರೆದಿರುತ್ತಾರೆ. ಉದಾಹರಣೆಗೆ ಇ.ಟಿ. 40ರ ಜಾಗಕ್ಕೆ ಅದೇ ಅಗಲದ ಇ.ಟಿ. 25ರ ರಿಮ್ಮು ಹಾಕಿದರೆ ಚಕ್ರ 15 ಮಿ.ಮೀ. ಹೊರಕ್ಕೆ ಬರುತ್ತದೆ. ನೋಡಲು ಗಂಭೀರವಾಗಿ ಕಾಣುತ್ತದೆ ನಿಜ. ಆದರೆ ಮಡ್‌ಗಾರ್ಡಿನ ಅಂಚು ಟಯರನ್ನು ಕೊಯ್ಯುತ್ತದೆ, ಬೇರಿಂಗಿನ ಮೇಲೆ ಭಾರ ಹೆಚ್ಚುತ್ತದೆ, ಸ್ಟಿಯರಿಂಗು ಗುಂಡಿಗೆ ಬಿದ್ದಾಗಲೆಲ್ಲ ಕೈಯಿಂದ ಕಿತ್ತುಕೊಳ್ಳುತ್ತದೆ. ಒಳಕ್ಕೆ ಹೋದರೆ ಸ್ಪ್ರಿಂಗಿಗೋ ಬ್ರೇಕಿಗೋ ತಾಗುತ್ತದೆ.

ಕಬ್ಬಿಣದ ಹಳೆಯ ರಿಮ್ಮಿನ ಮೇಲೆ ಬರಹ ಅಳಿಸಿಹೋಗಿದ್ದರೆ ಹೀಗೆ ಮಾಡಿ. ಟಯರಿಲ್ಲದ ರಿಮ್ಮನ್ನು ಮುಖ ಕೆಳಗಾಗಿ ಮಲಗಿಸಿ. ಮೇಲೆ ಬಂದ ಹಿಂಬದಿಯ ಅಂಚಿನ ಮೇಲೆ ನೇರವಾದ ರೀಪು ಅಡ್ಡ ಇಟ್ಟು, ಅಲ್ಲಿಂದ ಹಬ್‌ಗೆ ಅಂಟುವ ಮುಖದವರೆಗೆ ಆಳ ಅಳೆಯಿರಿ. ಹೊಸ ರಿಮ್ಮಿನದನ್ನೂ ಹಾಗೆಯೇ ಅಳೆಯಿರಿ. ಎರಡರ ಅಗಲ ಒಂದೇ ಆಗಿದ್ದರೆ ಈ ಆಳವೂ ಒಂದೇ ಇರಬೇಕು. ಎರಡು ಮೂರು ಮಿಲಿಮೀಟರಿನ ವ್ಯತ್ಯಾಸ ನಡೆಯುತ್ತದೆ. ಅಗಲ ಬೇರೆಯಾದರೆ, ಅಂಚಿನಿಂದ ಅಂಚಿಗೆ ರಿಮ್ಮಿನ ಒಟ್ಟು ಅಗಲ ಅಳೆದು, ಅದರ ಅರ್ಧವನ್ನು ಆಳದಿಂದ ಕಳೆಯಿರಿ. ಒಟ್ಟು ಅಗಲ 152, ಅದರ ಅರ್ಧ 76, ಆಳ 116 ಎಂದಾದರೆ ಆಫ್‌ಸೆಟ್ 40. ಕೂಡುವ ಕಳೆಯುವ ಲೆಕ್ಕ ಬಂದರೆ ಸಾಕು.

4. ಟಯರಿನ ಒಟ್ಟು ಎತ್ತರ

ಎಲ್ಲರೂ ತಪ್ಪುವುದು ಇಲ್ಲಿ. 800ರ ಮೂಲ ಟಯರು 145/70 ಆರ್ 12. ಅಂದರೆ ಟಯರಿನ ಅಗಲ 145 ಮಿ.ಮೀ., ಪಕ್ಕದ ಗೋಡೆಯ ಎತ್ತರ ಆ ಅಗಲದ ಶೇಕಡ 70, ರಿಮ್ಮಿನ ವ್ಯಾಸ 12 ಇಂಚು. 145ರ ಶೇ. 70 ಎಂದರೆ 101.5. ಮೇಲೂ ಕೆಳಗೂ ಸೇರಿ 203. ಅದಕ್ಕೆ ರಿಮ್ಮಿನ 304.8 ಕೂಡಿಸಿದರೆ ಒಟ್ಟು ಎತ್ತರ 507.8 ಮಿ.ಮೀ.

ಬದಲಿ ಟಯರಿನ ಎತ್ತರ ಮೂಲದ್ದಕ್ಕಿಂತ ಶೇಕಡ ಮೂರಕ್ಕಿಂತ ಹೆಚ್ಚು ಆಚೀಚೆ ಆಗಬಾರದೆಂಬುದು ರೂಢಿಯ ನಿಯಮ. ನಮ್ಮ ಲೆಕ್ಕದಲ್ಲಿ ಅದು ಸುಮಾರು 523ರ ಒಳಗೆ. ಈಗ ನನ್ನ ಮಗ ಹಾಕಿಸಿದ 155/65 ಆರ್ 13 ನೋಡಿ: ಒಟ್ಟು 531.7, ಹೆಚ್ಚಳ ಶೇ. 4.7. ಹಳೆಯ ಝೆನ್ ಕಾರಿನ 145/70 ಆರ್ 13 ಟಯರು 533.2, ಹೆಚ್ಚಳ ಶೇ. 5. "ಝೆನ್ ಚಕ್ರ ಹಾಕಿದರೆ ಎತ್ತರ ಬರುತ್ತದೆ" ಎಂದು ಹೇಳುವವರು ಇದನ್ನು ಹೇಳುವುದಿಲ್ಲ. ಎತ್ತರ ಬರುವುದು ಸುಮಾರು 12 ಮಿ.ಮೀ., ಹೆಚ್ಚೆಂದರೆ ಅರ್ಧ ಇಂಚು. ಅದಕ್ಕೆ ತೆರುವ ಬೆಲೆ ಏನು? ಮೀಟರು 60 ತೋರಿಸುವಾಗ ಕಾರು 63ರಲ್ಲಿ ಓಡುತ್ತಿರುತ್ತದೆ. ಏರಿನಲ್ಲಿ ಮೊದಲ ಗೇರಿನ ಎಳೆತ ಅಷ್ಟೇ ಪಾಲು ಕುಗ್ಗುತ್ತದೆ; ಚಿಕ್ಕ ಎಂಜಿನ್ನಿಗೆ ನಮ್ಮ ತೋಟದ ಏರಿನಲ್ಲಿ ಇದು ಚೆನ್ನಾಗಿ ತಿಳಿಯುತ್ತದೆ, ಕ್ಲಚ್ಚು ಸುಡುವುದೂ ಬೇಗ. ಹಿಂದಿನ ಸೀಟಿನಲ್ಲಿ ಎರಡು ಅಡಿಕೆ ಚೀಲ ಹೇರಿದಾಗ ಟಯರು ಮಡ್‌ಗಾರ್ಡಿನ ಒಳಗೆ ಉಜ್ಜುತ್ತದೆ.

ಇನ್ನೊಂದು ಮೋಸ ಓಮ್ನಿ ವ್ಯಾನಿನ ಟಯರಿನದು. ಓಮ್ನಿಯ ರಿಮ್ಮೂ 12 ಇಂಚು, ತೂತುಗಳೂ 4x114.3. ಅದರ ಟಯರಿನ ಮೇಲೆ 145 ಆರ್ 12 ಎಂದಿರುತ್ತದೆ. ನಡುವೆ 70 ಎಂಬ ಅಂಕೆ ಇಲ್ಲದಿದ್ದರೆ ಪಕ್ಕದ ಗೋಡೆ ಸುಮಾರು ಶೇಕಡ 80 ಎಂದು ಅರ್ಥ. ಒಟ್ಟು ಎತ್ತರ 537ರ ಹತ್ತಿರ ಹೋಗುತ್ತದೆ. ಮೇಲಾಗಿ ಅದು ಸಾಮಾನು ಸಾಗಿಸುವ ಗಾಡಿಯ ಬಿರುಸು ಟಯರು. ಹಗುರವಾದ 800ರಲ್ಲಿ ಎಲುಬು ಅಲುಗಾಡಿಸುತ್ತದೆ. ಓಮ್ನಿಯ ರಿಮ್ಮು ಸಿಕ್ಕಿದರೆ ಮೇಲೆ ಹೇಳಿದಂತೆ ನಡುತೂತು, ಆಳ ಎರಡನ್ನೂ ಹೋಲಿಸಿದ ಮೇಲೆ ಮಾತ್ರ ತೆಗೆದುಕೊಳ್ಳಿ. ಟಯರು 800ರದೇ ಇರಲಿ.

5. ನಟ್ಟು ಚಕ್ರದ ಅಂಗ

ಚಕ್ರ ಬೇರೆ, ನಟ್ಟು ಬೇರೆ ಎಂದು ನಾವು ತಿಳಿದಿದ್ದೇವೆ. ಹಾಗಲ್ಲ. ನಟ್ಟಿನ ಮೂತಿ ಮೂರು ತರಹ ಇರುತ್ತದೆ: ಇಳಿಜಾರಾದದ್ದು, ಗುಂಡಗಿನದು, ಚಪ್ಪಟೆಯದು. ರಿಮ್ಮಿನ ಗುಂಡಿ ಯಾವ ಆಕಾರವೋ ನಟ್ಟೂ ಅದೇ ಆಕಾರ ಇರಬೇಕು. ಅಲಾಯ್ ಚಕ್ರಕ್ಕೆ ಅದರದೇ ಉದ್ದನೆಯ, ಸಪೂರ ಮೈಯ ನಟ್ಟು ಬೇಕು. ಥ್ರೆಡ್ಡಿನಲ್ಲೂ ವ್ಯತ್ಯಾಸವಿದೆ. ಹೊರನೋಟಕ್ಕೆ ಎರಡೂ 12 ಮಿಲಿಮೀಟರಿನವು. ಒಂದರ ಥ್ರೆಡ್ಡು 1.25ರದು, ಇನ್ನೊಂದರದು 1.5ರದು. ಒಂದೆರಡು ಸುತ್ತು ಹೋಗಿ ಬಿಗಿಯಾದರೆ ಸ್ಪ್ಯಾನರಿನಿಂದ ಒತ್ತಾಯ ಮಾಡಬೇಡಿ, ಬೋಲ್ಟು ಕೆಡುತ್ತದೆ. ಸರಿಯಾದ ನಟ್ಟು ಕೈಬೆರಳಿನಲ್ಲೇ ಕೊನೆಯವರೆಗೆ ಹೋಗಬೇಕು, ಕನಿಷ್ಠ ಎಂಟು ಸುತ್ತು ಹಿಡಿಯಬೇಕು. ಎಣಿಸಿ ನೋಡಿ. ನಾನು ಆ ದಿನ ಎಣಿಸಿದ್ದರೆ ಆ ರಾತ್ರಿ ಬರುತ್ತಿರಲಿಲ್ಲ.

ಅಲಾಯ್ ಹಾಕಿಸಿ ಸ್ಟೆಪ್ನಿಗೆ ಕಬ್ಬಿಣದ ರಿಮ್ಮು ಇಟ್ಟವರು ಹಳೆಯ ನಟ್ಟು ನಾಲ್ಕನ್ನು ಒಂದು ಡಬ್ಬಿಯಲ್ಲಿ ಹಾಕಿ ಡಿಕ್ಕಿಯಲ್ಲೇ ಇಡಬೇಕು. ಉದ್ದನೆಯ ನಟ್ಟು ತೆಳು ರಿಮ್ಮಿಗೆ ಸರಿಬರುವುದೆಂಬ ಭರವಸೆಯಿಲ್ಲ.

6. ಹೊರುವ ಶಕ್ತಿ

ಟಯರಿನ ಅಳತೆಯ ಮುಂದೆ 69 ಎಸ್ ಎಂಬಂಥ ಬರಹ ಇರುತ್ತದೆ. 69 ಎಂದರೆ ಆ ಒಂದು ಟಯರು ಹೊರಬಲ್ಲ ಭಾರ 325 ಕಿಲೋ. ಎಸ್ ಎಂದರೆ ಗಂಟೆಗೆ 180 ಕಿಲೋಮೀಟರ್ ವೇಗದವರೆಗೆ ಎಂದು. ವೇಗ ನಮಗೆ ಬೇಡ, ಭಾರ ಬೇಕು. ಮೂಲದ್ದಕ್ಕಿಂತ ಕಡಿಮೆ ಅಂಕೆಯ ಟಯರನ್ನು ಯಾವ ಬೆಲೆಗೂ ಕೊಳ್ಳಬೇಡಿ. ಟಯರಿನ ಪಕ್ಕದಲ್ಲಿ ಅಚ್ಚಾದ ಕೊನೆಯ ನಾಲ್ಕು ಅಂಕೆಗಳು ಅದು ತಯಾರಾದ ವಾರ ಮತ್ತು ವರ್ಷ. 2323 ಎಂದರೆ 2023ರ 23ನೇ ವಾರ. 12 ಇಂಚಿನ ಟಯರು ಈಗ ಎಲ್ಲ ಅಂಗಡಿಯಲ್ಲೂ ಬೇಗ ಖರ್ಚಾಗುವ ಸರಕಲ್ಲ. ಹಳೆಯ ಸರಕನ್ನು ಹೊಸದೆಂದು ಕೊಡದಂತೆ ಈ ಅಂಕೆ ನೋಡಿಕೊಳ್ಳಿ.

ಕಬ್ಬಿಣವೋ ಅಲಾಯೋ?

ಪೇಟೆಯ ರಸ್ತೆಗೆ ಅಲಾಯ್ ಚೆನ್ನ. ನಮ್ಮ ದಾರಿಗೆ ಕಬ್ಬಿಣವೇ ವಾಸಿ ಎಂದು ನಾನು ಹೇಳುತ್ತೇನೆ. ಕಲ್ಲಿಗೆ ಬಡಿದಾಗ ಕಬ್ಬಿಣದ ರಿಮ್ಮು ಬಾಗುತ್ತದೆ, ಮೇಸ್ತ್ರಿ ಬಡಿದು ಸರಿ ಮಾಡುತ್ತಾರೆ. ಅಲಾಯ್ ಬಿರುಕು ಬಿಡುತ್ತದೆ. ಬಿರುಕಿಗೆ ವೆಲ್ಡಿಂಗ್ ಮಾಡಿಸಿ ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ಹೋಗುವ ಧೈರ್ಯ ನನಗಿಲ್ಲ.

ಕಬ್ಬಿಣದ ಶತ್ರು ತುಕ್ಕು. ಅದರಲ್ಲಿ ನಮ್ಮದೇ ಕೈವಾಡವೂ ಇದೆ. ಬೋರ್ಡೋ ದ್ರಾವಣಕ್ಕೆ ಚಾಕು ಅದ್ದಿ ನೋಡುವುದು ತಮಗೆಲ್ಲ ಗೊತ್ತು. ಸುಣ್ಣ ಸಾಲದಿದ್ದರೆ ಚಾಕುವಿನ ಮೇಲೆ ಕೆಂಪಗೆ ತಾಮ್ರ ಕೂರುತ್ತದೆ, ಅಷ್ಟು ಕಬ್ಬಿಣ ಕರಗುತ್ತದೆ. ಮೈಲುತುತ್ತದ ನೀರು ಚೆಲ್ಲಿದ ಅಂಗಳದಲ್ಲಿ ಕಾರು ನಿಲ್ಲಿಸಿದರೆ ರಿಮ್ಮಿಗೂ ಅದೇ ಗತಿ. ಅಲ್ಯೂಮಿನಿಯಮ್ಮನ್ನೂ ಅದು ಬಿಡುವುದಿಲ್ಲ. ಔಷಧಿ ಹೊಡೆಯುವ ದಿನಗಳಲ್ಲಿ ಸಂಜೆ ಚಕ್ರಕ್ಕೆ ನಾಲ್ಕು ಚೊಂಬು ಶುದ್ಧ ನೀರು ಹಾಕಿದರೆ ರಿಮ್ಮು ಹೆಚ್ಚು ಕಾಲ ಬಾಳುತ್ತದೆ.

ಗುಜರಿಯಿಂದ ತರುವಾಗ

ಒಳ್ಳೆಯ ಹಳೆಯ ರಿಮ್ಮು ಗುಜರಿ ಅಂಗಡಿಗಳಲ್ಲಿ ಸಿಗುತ್ತದೆ, ನಾನು ತಂದದ್ದೂ ಅಲ್ಲಿಂದಲೇ. ಹೀಗೆ ಪರೀಕ್ಷಿಸಿ. ಸಮನಾದ ಸಿಮೆಂಟ್ ನೆಲದ ಮೇಲೆ ಮಲಗಿಸಿ, ಕುಂಟಿದರೆ ಬೇಡ. ಬೋಲ್ಟಿನ ತೂತುಗಳ ಸುತ್ತ ಒರೆಸಿ ಬಿರುಕು ಹುಡುಕಿ. ತೂತು ಗುಂಡಗಿರದೆ ಮೊಟ್ಟೆಯಾಕಾರ ಆಗಿದ್ದರೆ ಆ ಚಕ್ರ ಸಡಿಲವಾಗಿ ಓಡಿದ್ದು, ಮುಟ್ಟಬೇಡಿ. ಟಯರು ಕೂರುವ ಅಂಚಿನಲ್ಲಿ ತುಕ್ಕು ಪದರಾಗಿ ಏಳುತ್ತಿದ್ದರೆ ಗಾಳಿ ನಿಲ್ಲುವುದಿಲ್ಲ. ಟ್ಯೂಬಿಲ್ಲದ ಟಯರು ಹಾಕುವುದಾದರೆ ರಿಮ್ಮಿನ ಒಳಗೆ ಟಯರಿನ ಅಂಚನ್ನು ತಡೆದು ನಿಲ್ಲಿಸುವ ಸಣ್ಣ ದಿಣ್ಣೆ ಇರಬೇಕು. ಬಹಳ ಹಳೆಯ ರಿಮ್ಮಿನಲ್ಲಿ ಅದು ಇಲ್ಲದಿದ್ದರೆ ಟ್ಯೂಬು ಹಾಕುವ ಟಯರನ್ನೇ ಕೊಳ್ಳಿ.

ಕೊನೆಗೆ ಜಾಕಿ ಕೊಟ್ಟು ಹಬ್‌ಗೆ ಹಾಕಿ, ಮಡ್‌ಗಾರ್ಡಿಗೆ ಒರಗಿಸಿ ಒಂದು ಕಡ್ಡಿ ಹಿಡಿದು ಚಕ್ರ ತಿರುಗಿಸಿ. ಕಡ್ಡಿಗೂ ರಿಮ್ಮಿಗೂ ನಡುವಿನ ಸಂದು ಒಮ್ಮೆ ಹಿಗ್ಗಿ ಒಮ್ಮೆ ಕುಗ್ಗಿದರೆ ರಿಮ್ಮು ಸೊಟ್ಟ. ಒಂದೇ ಅಚ್ಚಿನ ಎರಡು ಕಡೆ ಬೇರೆ ಬೇರೆ ಅಳತೆಯ ಚಕ್ರ ಹಾಕಬೇಡಿ.

ಬಿಗಿ ಮಾಡುವ ಕ್ರಮ

ಹಬ್‌ನ ಮುಖದ ಮೇಲಿನ ತುಕ್ಕನ್ನು ತಂತಿಯ ಬ್ರಷ್ಷಿನಿಂದ ಉಜ್ಜಿ ತೆಗೆಯಿರಿ. ಅಲ್ಲಿ ತುಕ್ಕಿನ ಒಂದು ಪದರು ಉಳಿದರೂ ಅದು ಪುಡಿಯಾದ ದಿನ ನಟ್ಟು ಸಡಿಲವಾಗುತ್ತದೆ. ಚಕ್ರ ನೆಲದಿಂದ ಮೇಲಿರುವಾಗಲೇ ನಾಲ್ಕು ನಟ್ಟುಗಳನ್ನೂ ಕೈಯಲ್ಲಿ ತಿರುಗಿಸಿ ಕೂರಿಸಿ, ಎದುರುಬದುರಾಗಿ ಸ್ವಲ್ಪ ಸ್ವಲ್ಪವೇ ಬಿಗಿ ಮಾಡಿ. ಕೆಳಗಿಳಿಸಿದ ಮೇಲೆ ಪೂರ್ತಿ ಬಿಗಿ. ಸ್ಪ್ಯಾನರಿನ ಮೇಲೆ ಹತ್ತಿ ನಿಲ್ಲುವುದು ಬೇಡ, ಬೋಲ್ಟು ಹಿಗ್ಗುತ್ತದೆ. ಐವತ್ತು ಕಿಲೋಮೀಟರು ಓಡಿಸಿದ ಮೇಲೆ ಮತ್ತೊಮ್ಮೆ ಸ್ಪ್ಯಾನರು ಹಾಕಿ ನೋಡಿ. ಬಹಳ ಮಂದಿ ಬಿಡುವುದು ಈ ಕೊನೆಯ ಕೆಲಸವನ್ನೇ. ಆಮೇಲೆ ಹಿಂದಿನ ಸೀಟಿಗೆ ಎರಡು ಚೀಲ ಹೇರಿ, ತಮ್ಮ ದಾರಿಯ ಅತಿ ಕೆಟ್ಟ ಮೋರಿ ದಾಟಿ, ಸ್ಟಿಯರಿಂಗನ್ನು ಎರಡು ಕಡೆಯೂ ಪೂರ್ತಿ ತಿರುಗಿಸಿ, ಎಲ್ಲಿಯೂ ಉಜ್ಜಿದ ಗುರುತಿಲ್ಲವೆಂದು ಖಚಿತಪಡಿಸಿಕೊಳ್ಳಿ.

ಕಾನೂನಿನ ಮಾತನ್ನೂ ಒಂದು ಸಾಲಿನಲ್ಲಿ ಹೇಳಬೇಕು. ಕಾರಿನ ನೋಂದಣಿ 15 ವರ್ಷಕ್ಕೆ ಮುಗಿಯುತ್ತದೆ, ಆಮೇಲೆ ಐದೈದು ವರ್ಷಕ್ಕೆ ತಪಾಸಣೆ ಮಾಡಿಸಿ ನವೀಕರಿಸಬೇಕು. 1988ರ ಮೋಟಾರು ವಾಹನ ಕಾಯ್ದೆಯ 52ನೇ ಕಲಮಿನಲ್ಲಿ, ತಯಾರಕರು ನಮೂದಿಸಿದ ವಿವರಗಳಿಗೆ ವಿರುದ್ಧವಾಗಿ ವಾಹನವನ್ನು ಬದಲಿಸುವುದಕ್ಕೆ ನಿರ್ಬಂಧವಿದೆ. ಮಡ್‌ಗಾರ್ಡಿನಿಂದ ಹೊರಗೆ ಇಣುಕುವ ಚಕ್ರ ಹಾಕಿಕೊಂಡು ತಪಾಸಣೆಗೆ ಹೋಗಿ ವಾದ ಮಾಡುವುದರಲ್ಲಿ ಅರ್ಥವಿಲ್ಲ. ಟಯರಿನ ಅಚ್ಚಿನ ಆಳ 1.6 ಮಿ.ಮೀ.ಗಿಂತ ಕಡಿಮೆಯಾಗಿದ್ದರೆ ಅದೂ ನಡೆಯುವುದಿಲ್ಲ. ನಮ್ಮ ಮಳೆಗೆ ಅಷ್ಟು ಸವೆಯುವವರೆಗೆ ಕಾಯುವುದೂ ಸರಿಯಲ್ಲ.

ಕೊನೆಯದಾಗಿ

ಈಗ ನನ್ನ ಕಾರಿನಲ್ಲಿ 12 ಇಂಚಿನ ಕಬ್ಬಿಣದ ರಿಮ್ಮು, 145/70ರ ಟಯರು, ಮೂಲ ಅಳತೆಯ ಹೊಸ ನಟ್ಟುಗಳಿವೆ. ಸ್ಟೆಪ್ನಿಯನ್ನು ಯಾವ ಚೀಲಕ್ಕಾಗಿಯೂ ಇಳಿಸುವುದಿಲ್ಲ. ಹೊಳೆಯುವ ಆ ನಾಲ್ಕು ಚಕ್ರಗಳು ಅಟ್ಟದ ಮೇಲೆ ಗೋಣಿಯಲ್ಲಿವೆ. ಮಗನಿಗೆ ಮೊದಲು ಬೇಸರವಾಯಿತು. ಕಾರಣ ಕೇಳಿದ ಮೇಲೆ ಅವನೇ ಸ್ಪ್ಯಾನರು ಹಿಡಿದು ಬಿಚ್ಚಿಕೊಟ್ಟ.

ಸದಸ್ಯರು ಈ ಆರು ಅಳತೆಗಳನ್ನು ಒಂದು ಚೀಟಿಯಲ್ಲಿ ಬರೆದು ಕಾರಿನ ಕಾಗದಪತ್ರಗಳ ಜೊತೆ ಇಡಬೇಕೆಂದು ಕೋರುತ್ತೇನೆ: ತೂತುಗಳ ವರ್ತುಲ, ನಡುವಿನ ತೂತು, ಆಫ್‌ಸೆಟ್, ಟಯರಿನ ಅಳತೆ, ನಟ್ಟಿನ ಮೂತಿ ಮತ್ತು ಥ್ರೆಡ್ಡು, ಭಾರದ ಅಂಕೆ. ಅಳೆಯಲು ಗೊತ್ತಾಗದವರು ರಿಮ್ಮನ್ನು ಸಂಘದ ಕಚೇರಿಗೇ ತನ್ನಿ. ಕಾಫಿ ಬೀಜದ ಗಾತ್ರ ನೋಡಲೆಂದು ತಂದ ಒಂದು ವರ್ನಿಯರ್ ನನ್ನ ಮೇಜಿನ ಡ್ರಾಯರಿನಲ್ಲಿದೆ. ತೂಕದ ದಿನ ಬಿಟ್ಟು ಯಾವ ದಿನ ಬಂದರೂ ಕೂತು ಅಳೆಯೋಣ.

ಆ ರಾತ್ರಿ ಹುಟ್ಟಿದ ಹುಡುಗಿ ಈಗ ಶಾಲೆಗೆ ಹೋಗುತ್ತಿದ್ದಾಳೆ. ಮಳೆ ಜೋರಾಗಿರುವ ದಿನ ಅವಳನ್ನು ಬಸ್ ನಿಲ್ದಾಣದವರೆಗೆ ಬಿಡುವುದು ಅದೇ ಕಾರಿನಲ್ಲಿ. ಅವಳು ಹತ್ತುವ ಮೊದಲು ಎಡಗಡೆಯ ಹಿಂದಿನ ಚಕ್ರವನ್ನು ನಾನೊಮ್ಮೆ ನೋಡುತ್ತೇನೆ.

— ತಮ್ಮ ವಿಶ್ವಾಸಿ,
ಕಾರ್ಯದರ್ಶಿ